ಹಂಚಿಲ್ಲದ ಚಾಪೆಲ್ಲಿನ ಒಂದು ಚಳಿಗಾಲ

ಆಗ ನನಗೆ ಅರುವತ್ತೇಳು. ಇದು ನಡೆದು ಹನ್ನೊಂದು ವರ್ಷವಾಯಿತು. ಕೂತು ನೆನೆಸಿಕೊಳ್ಳುವಂಥ ಸಂಗತಿಯೇನೂ ಅಲ್ಲ. ಆದರೆ ಹೋದ ವಾರ ಇಲ್ಲಿ, ಸಿಡ್ನಿಯ ಲಿವರ್‌ಪೂಲ್‌ನಲ್ಲಿ, ನಮ್ಮ ಪಕ್ಕದ ಸೈಟಿನಲ್ಲಿ ಇಳಿಸಿದ್ದ ಹೊಸ ಇಟ್ಟಿಗೆಯ ಮೇಲೆ ಮಳೆ ಬಿತ್ತು. ಸುಟ್ಟ ಮಣ್ಣು ನೀರು ಕುಡಿಯುವಾಗ ಏಳುವ ವಾಸನೆ ಮೂಗಿಗೆ ಹೊಡೆಯಿತು. ಬೇರೆಯವರಾದರೆ ಊರು ನೆನಪಾಗಿ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದರೋ ಏನೋ. ನನಗೆ ನೆನಪಾದದ್ದು ಮೆಲ್ಬರ್ನ್‌ನ ಆ ಚಾಪೆಲ್. ಬಾಯಿಂದ ಥೂ ಎಂದು ಬಂತು.

ಅದೇ ವಾರ ಕಾರ್ತಿಕನೂ ಬಂದಿದ್ದ. ಮೈಸೂರಿನ ಹುಡುಗ. ಹುಡುಗ ಎಂದೆ, ಈಗ ತಲೆಯ ಅರ್ಧ ಕೂದಲು ಹೋಗಿದೆ. ಚಾಟ್ಸ್‌ವುಡ್‌ನಲ್ಲಿ ದೊಡ್ಡ ಆಫೀಸಂತೆ, ಮಾರ್ಟ್‌ಗೇಜಂತೆ, ಎರಡು ಮಕ್ಕಳಂತೆ. ಆ ಚಾಪೆಲ್ಲಿನ ಬಗ್ಗೆ ಅವನು ಬರೆದ ಪುಸ್ತಕ ಅಚ್ಚಾಗಿದೆಯೆಂದು ನಮಗೊಂದು ತಂದುಕೊಟ್ಟ. ಮೊಣಕಾಲ ಮೇಲೆ ಇಟ್ಟುಕೊಂಡರೆ ಕಾಲು ಜೋಮು ಹಿಡಿಯುವಷ್ಟು ಭಾರ. ಪುಟ ಪುಟಕ್ಕೆ ಫೋಟೊ, ಪುಟ ಪುಟಕ್ಕೆ ಅದನ್ನು ಕಟ್ಟಿಸಿದ ಆರ್ಕಿಟೆಕ್ಟಿನ ಹೆಸರು. ನನ್ನ ಮಗಳು ವಿಮಲ ಹುಡುಕಿ ಹುಡುಕಿ ಆ ಚಳಿಗಾಲದ ಬಗ್ಗೆ ಒಂದು ಸಾಲು ತೆಗೆದಳು. ‘ಪಶ್ಚಿಮದ ಗೋಡೆಯ ತೇವದ ತೊಂದರೆಯನ್ನು ಮುಂದೆ ಸರಿಪಡಿಸಲಾಯಿತು.’ ಗೋಡೆ ತಾನಾಗಿ ಎದ್ದು ಮೈ ಒರೆಸಿಕೊಂಡಿತು ಎಂಬ ಹಾಗೆ. ಇಷ್ಟೇನಾ ಎಂದು ಕೇಳಿದರೆ ಅವನು, ‘ಜಾಸ್ತಿ ಬರ್ದಿದ್ದೆ ಆಂಟಿ, ಎಡಿಟರ್ ಕಟ್ ಮಾಡಿಬಿಟ್ರು’ ಎಂದ. ಸರಿ. ನಾನು ಓದಿದ್ದು ಮೂರನೇ ಕ್ಲಾಸು. ಆದರೆ ನನಗೆ ಎಡಿಟರ್ ಇಲ್ಲ.

ನಾನು ಮಂಗಳೂರಿನಲ್ಲಿ ಹಂಚಿನ ಕಾರ್ಖಾನೆಯಲ್ಲಿ ಮೂವತ್ತೊಂದು ವರ್ಷ ದುಡಿದವಳು. ನಮ್ಮ ಅಜ್ಜನ ಅಪ್ಪನ ಕಾಲದಲ್ಲಿ ಜರ್ಮನ್ ಪಾದ್ರಿಗಳು ಬಂದು ನಮ್ಮವರನ್ನು ಕ್ರೈಸ್ತರನ್ನಾಗಿ ಮಾಡಿದರು. ಜಾತಿಯವರು ಹೊರಗೆ ಹಾಕಿದ ಮೇಲೆ ಹೊಟ್ಟೆಗೆ ಏನು ಮಾಡುವುದು? ಅದಕ್ಕೆ ಅವರೇ ಹಂಚು ಮಾಡುವುದನ್ನೂ ಕಲಿಸಿದರು. ನನ್ನ ಕೆಲಸ ಭಟ್ಟಿಯಿಂದ ಹೊರಗೆ ಬಂದ ಹಂಚನ್ನು ತಟ್ಟಿ ವಿಂಗಡಿಸುವುದು. ಎಡಗೈಯಲ್ಲಿ ಎತ್ತುವುದು, ಬಲಗೈಯ ಗೆಣ್ಣಿನಿಂದ ಒಂದು ಪೆಟ್ಟು. ಟಣ್ ಎಂದರೆ ಒಂದನೇ ನಂಬ್ರ. ಡಬ್ ಎಂದರೆ ಒಳಗೆ ಬಿರುಕು, ಇಲ್ಲವೇ ಸರಿಯಾಗಿ ಬೆಂದಿಲ್ಲ, ಇಲ್ಲವೇ ನೀರು ಕುಡಿದಿದೆ. ದಿನಕ್ಕೆ ಎಷ್ಟು ಸಾವಿರ ಹಂಚು ತಟ್ಟಿದ್ದೇನೋ ಯಾರಿಗೆ ಗೊತ್ತು. ಕಿವಿಗೆ ವಯಸ್ಸಾಗಿದೆ, ಆದರೆ ಮಣ್ಣಿನ ಸದ್ದು ಈಗಲೂ ಕೇಳುತ್ತದೆ. ಮನುಷ್ಯರ ಮಾತು ಅಷ್ಟು ಕೇಳುವುದಿಲ್ಲ, ಅದರಿಂದ ನಷ್ಟವೂ ಇಲ್ಲ.

ವಿಮಲ ಮೆಲ್ಬರ್ನ್‌ಗೆ ಹೋದದ್ದು ಓದಲಿಕ್ಕೆ. ಓದಿದಳು. ಆಮೇಲೆ ಸಿಕ್ಕಿದ್ದು ಕ್ಲೀನಿಂಗ್ ಕೆಲಸ. ಅದರಿಂದ ಮೇಲೆ ಬಂದು, ಒಂದು ಯೂನಿವರ್ಸಿಟಿಯ ಒಳಗಿನ ಲೂಥರನ್ ಚಾಪೆಲ್ಲಿಗೆ ಕೇರ್‌ಟೇಕರ್ ಆದಳು. ಯೂನಿವರ್ಸಿಟಿಯ ಹೆಸರು ಬೇಡ. ಬಾಕ್ಸ್ ಹಿಲ್‌ನಿಂದ ಬಸ್ಸು ಹಿಡಿದು ಹೋಗಬೇಕು, ಅಷ್ಟು ಸಾಕು. ಚಾಪೆಲ್ಲಿನ ಹಿಂದೆ ಎರಡು ಕೋಣೆ, ಒಂದು ಬಚ್ಚಲು, ರೆಂಟ್ ಇಲ್ಲ. ಮದುವೆಯಾಗಲಿಲ್ಲ, ಅದು ಬೇರೆ ವಿಷಯ. ಆ ವರ್ಷ ಅವಳ ಗರ್ಭಕೋಶ ತೆಗೆದರು. ಮೂರು ತಿಂಗಳು ಭಾರ ಎತ್ತಬಾರದು ಎಂದು ಡಾಕ್ಟರು ಹೇಳಿದ್ದರಿಂದ ನಾನು ಆರು ತಿಂಗಳ ವೀಸಾದಲ್ಲಿ ಮೇ ತಿಂಗಳಲ್ಲಿ ಹೋದೆ.

ಏರ್‌ಪೋರ್ಟಿನಿಂದ ನೇರ ಅಲ್ಲಿಗೇ ಕರೆದುಕೊಂಡು ಹೋದಳು. ನೀಲಗಿರಿ ಮರಗಳ ನಡುವೆ ಕಂದು ಇಟ್ಟಿಗೆಯ ಒಂದು ಪೆಟ್ಟಿಗೆ. ಕಿಟಕಿ ಇಲ್ಲ. ತಲೆಯ ಮೇಲಿನ ಮಾಡು ಒಂದು ಬದಿಗೆ ವಾಲಿದೆ, ಅದೂ ಗೋಡೆಯ ಹಿಂದೆ ಅಡಗಿ ಕೂತಿದೆ. ಗಂಟೆಯ ಗೋಪುರ ಮಾರು ದೂರದಲ್ಲಿ ಮುನಿಸಿಕೊಂಡು ಹೋದ ಹಾಗೆ ಒಂಟಿಯಾಗಿ ನಿಂತಿದೆ.

‘ಇದೆಂತ, ಪಂಪ್‌ಹೌಸಾ?’ ಎಂದೆ.

‘ಚಾಪೆಲ್ ಅಮ್ಮ. ಮೆಲ್ಲ ಮಾತಾಡು, ಒಳಗೆ ಜನ ಉಂಟು.’

ಒಳಗೆ ಇದ್ದದ್ದು ಪ್ರಾರ್ಥನೆ ಮಾಡುವ ಜನ ಅಲ್ಲ. ಕ್ಯಾಮೆರಾ ಹಿಡಿದುಕೊಂಡ ನಾಲ್ಕು ವಿದ್ಯಾರ್ಥಿಗಳು ನೆಲದ ಮೇಲೆ ಅಂಗಾತ ಮಲಗಿ ಮೇಲಿನ ಕಾಂಕ್ರೀಟಿನ ಫೋಟೊ ತೆಗೆಯುತ್ತಿದ್ದರು. ದೇವರ ಮನೆಯಲ್ಲಿ ಚಪ್ಪಲಿ ಕಾಲು ಚಾಚಿಕೊಂಡು. ಆ ಚಳಿಗಾಲವಿಡೀ ಇದೇ ನೋಡಿದೆ. ಭಾನುವಾರ ಇಪ್ಪತ್ತು ಮುದುಕರು ಬರುತ್ತಿದ್ದರು, ವಾರದ ದಿನ ಅದರ ಎರಡರಷ್ಟು ಕ್ಯಾಮೆರಾ.

ಕಾರ್ತಿಕ ನಮಗೆ ಗುರುತಾದದ್ದು ಹಾಗೆಯೇ. ಅವನೊಂದು ಆರ್ಕಿಟೆಕ್ಟ್ ಆಫೀಸಿನಲ್ಲಿ ಕಾಂಟ್ರಾಕ್ಟಿನ ಮೇಲೆ ಇದ್ದ. ಚಾಪೆಲ್ಲನ್ನು ಸರಕಾರದ ಹೆರಿಟೇಜ್ ಪಟ್ಟಿಗೆ ಸೇರಿಸಲು ಯೂನಿವರ್ಸಿಟಿಗೆ ಒಂದು ವರದಿ ಬೇಕಿತ್ತು. ಅದನ್ನು ಬರೆಯುವ ಕೆಲಸ ಅವನದು. ನಾವು ಕನ್ನಡದಲ್ಲಿ ಜಗಳವಾಡುವುದು ಕೇಳಿ ಒಂದು ದಿನ ಹಿಂದಿನ ಬಾಗಿಲು ತಟ್ಟಿದ. ಮೀನು ಸಾರಿನ ವಾಸನೆಗೆ ಕೂತ. ಸಸ್ಯಾಹಾರಿ ಎಂದ, ಎರಡು ವಾರದಲ್ಲಿ ಅದೂ ಹೋಯಿತು. ಪಿಆರ್, ಅಂದರೆ ಈ ದೇಶದಲ್ಲೇ ಕಾಯಂ ಉಳಿಯುವ ಅನುಮತಿ, ಸಿಗಬೇಕಾದರೆ ಈ ಕೆಲಸ ಪಕ್ಕಾ ಆಗಬೇಕು, ಕೆಲಸ ಪಕ್ಕಾ ಆಗಬೇಕಾದರೆ ಈ ವರದಿ ಎಲ್ಲರಿಗೂ ಒಪ್ಪಿಗೆಯಾಗಬೇಕು ಎಂದು ತಿನ್ನುತ್ತಾ ಹೇಳಿದ. ವಿಮಲಳೂ ಪಿಆರ್‌ಗೆ ಹಾಕಿ ಕಾಯುತ್ತಿದ್ದವಳೇ. ಇಬ್ಬರೂ ಎದುರುಬದುರು ಕೂತು ಆ ಎರಡು ಅಕ್ಷರವನ್ನು ಅನ್ನದ ಹಾಗೆ ಕಲಸುತ್ತಿದ್ದರು.

ಚಾಪೆಲ್ಲಿನ ಕತೆಯನ್ನೆಲ್ಲ ನನಗೆ ಹೇಳಿದವನು ಅವನೇ. ಯುದ್ಧ ಮುಗಿದ ಮೇಲೆ ಹಡಗಿನಲ್ಲಿ ಬಂದ ಜರ್ಮನರು, ಅವರಿಗೂ ಎಷ್ಟೋ ಮೊದಲು ಬಂದಿದ್ದ ಜರ್ಮನರ ಮೊಮ್ಮಕ್ಕಳು ಎಲ್ಲ ಸೇರಿ ಐವತ್ತು ವರ್ಷದ ಹಿಂದೆ ಕಟ್ಟಿಸಿದರಂತೆ. ಅವರಿಗೆ ಬೇಕಾಗಿದ್ದದ್ದು ಚೂಪು ಗೋಪುರ, ಬಣ್ಣದ ಗಾಜು, ಇಳಿಜಾರು ಮಾಡು. ಆರ್ಕಿಟೆಕ್ಟ್ ಒಬ್ಬ ಮೂವತ್ತು ವರ್ಷದವನು, ಅದ್ಯಾವುದೂ ಆಗುವುದಿಲ್ಲ ಎಂದನಂತೆ. ದೇವರಿಗೆ ಅಲಂಕಾರ ಬೇಡ, ಬೆಳಕು ಮಾತ್ರ ಸಾಕು ಎಂದನಂತೆ. ಅವರು ಗೋಣು ಹಾಕಿದರಂತೆ. ಬೆಳಕು ಬರುವುದೂ ನೆಟ್ಟಗಲ್ಲ. ಪ್ರಾರ್ಥನೆ ನಡೆಸುವ ಮೇಜಿನ ಹಿಂದಿನ ಪಶ್ಚಿಮದ ಗೋಡೆಗೂ ಮಾಡಿಗೂ ನಡುವೆ ಒಂದು ಸೀಳು. ಅಲ್ಲಿಂದ ಸಂಜೆಯ ಬಿಸಿಲು ಇಟ್ಟಿಗೆಯ ಮೇಲೆ ಇಳಿಯುತ್ತದೆ. ಅದು ಒಂದು ಮಾತ್ರ ಚಂದ. ಇಲ್ಲವೆನ್ನುವುದಿಲ್ಲ. ಆದರೆ ಬಿಸಿಲು ಯಾವ ಗೋಡೆಯ ಮೇಲೆ ಬಿದ್ದರೂ ಚಂದವೇ, ಅದಕ್ಕೆ ಆರ್ಕಿಟೆಕ್ಟ್ ಬೇಕಾಗಿಲ್ಲ.

ಕಾಂಕ್ರೀಟಿಗೆ ಗಾರೆ ಮಾಡಿರಲಿಲ್ಲ. ಹಲಗೆಯ ಗುರುತು, ಮೊಳೆಯ ಗುರುತು ಎಲ್ಲ ಹಾಗೇ. ನಮ್ಮಲ್ಲಿ ಹಾಗೆ ಬಿಟ್ಟರೆ ಮೇಸ್ತ್ರಿಯನ್ನು ಕರೆದು ಉಗಿಯುತ್ತಾರೆ. ನಾನು ಹೇಳಿದ್ದಕ್ಕೆ ಕಾರ್ತಿಕ ಕೈಯಲ್ಲಿದ್ದ ಚಹಾ ಕೆಳಗಿಟ್ಟ.

‘ಆಂಟಿ, ಅದು ಬೇಕು ಅಂತಾನೇ ಬಿಟ್ಟಿರೋದು. ಮೆಟೀರಿಯಲ್ ಏನಿದೆಯೋ ಅದನ್ನ ಮುಚ್ಚಿಡಬಾರದು. ಆನೆಸ್ಟಿ. ಪ್ರಾಮಾಣಿಕತೆ.’

‘ಕಾಂಕ್ರೀಟಿಗೆ?’

‘ಹೂಂ ಆಂಟಿ. ಕಾಂಕ್ರೀಟಿಗೆ, ಇಟ್ಟಿಗೆಗೆ.’

ನನ್ನ ಮನಸ್ಸಿನಲ್ಲಿ ಇದ್ದದ್ದು ಬೇರೆ. ನಮ್ಮೂರಿಗೆ ಬಂದ ಜರ್ಮನರು ನಮ್ಮ ಮಳೆ ನೋಡಿ, ಒಂದು ಹನಿ ಒಳಗೆ ಬಾರದಂತೆ ಎರಡು ಗೆರೆ ಕೊರೆದ ಹಂಚು ಕೊಟ್ಟರು. ಅದೇ ಜರ್ಮನರ ಮೊಮ್ಮಕ್ಕಳು ಇಲ್ಲಿಗೆ ಬಂದು ಹಂಚನ್ನೇ ಮರೆತು ಮಾಡನ್ನು ಗೋಡೆಯ ಹಿಂದೆ ಅಡಗಿಸಿದರು. ಭಾನುವಾರ ಹಾಡುವ ರಾಗ ನಮ್ಮದೇ, ನಾವು ಕನ್ನಡದಲ್ಲಿ ಹಾಡುವ ಅದೇ ರಾಗ. ಇವರು ಅದನ್ನೂ ನಿದ್ದೆಯಲ್ಲಿ ಹಾಡಿದ ಹಾಗೆ ಹಾಡುತ್ತಿದ್ದರು.

ಜೂನ್‌ನಲ್ಲಿ ಮಳೆ ಶುರುವಾಯಿತು. ಮೆಲ್ಬರ್ನ್‌ನ ಮಳೆ ಮಳೆಯೇ ಅಲ್ಲ. ಧಾರಾಳವಾಗಿ ಹೊಯ್ದು ಮುಗಿಸುವುದು ಗೊತ್ತಿಲ್ಲ. ಜಿಪುಣನ ಹಾಗೆ ಒಂದೊಂದೇ ಹನಿ, ಗಾಳಿಯೊಡನೆ ಅಡ್ಡಡ್ಡ, ವಾರವಿಡೀ. ಜೂನ್ ಮುಗಿಯುವಷ್ಟರಲ್ಲಿ ಮೇಜಿನ ಹಿಂದಿನ ಗೋಡೆ ಒಳಗಿನಿಂದ ಕಪ್ಪಾಯಿತು. ಕಪ್ಪಿನ ಮೇಲೆ ಬಿಳಿ ಉಪ್ಪು ಹೂ ಬಿಟ್ಟಿತು. ಮರದ ನೆಲ ಉಬ್ಬಿ, ನಡೆದರೆ ಕರಕರ ಎನ್ನತೊಡಗಿತು. ವಿಮಲ ದಿನಾ ಬೆಳಿಗ್ಗೆ ಉಪ್ಪು ಒರೆಸುವುದು, ಸಂಜೆಗೆ ಅದು ಮತ್ತೆ ಬರುವುದು.

ಯೂನಿವರ್ಸಿಟಿಯ ಪ್ರಾಪರ್ಟಿ ಆಫೀಸಿನಿಂದ ಟ್ರೇಸಿ ಎಂಬವಳು ಬಂದಳು. ವಿಮಲಳ ಮೇಲಧಿಕಾರಿ. ನಗುಮುಖದ ಹೆಂಗಸು, ಎದುರಿಗಿದ್ದವರ ಹೆಸರನ್ನು ಮಾತುಮಾತಿಗೆ ಕರೆಯುವವಳು. ಅಂಥವರನ್ನು ಕಂಡರೆ ನನಗೆ ಮೊದಲೇ ಆಗುವುದಿಲ್ಲ. ಗೋಡೆಯನ್ನು ಕೆಳಗಿನಿಂದ ಮೇಲೆ ನೋಡಿದಳು, ಮುಟ್ಟಲಿಲ್ಲ. ಗಟರ್ ಕಟ್ಟಿಕೊಂಡಿದೆ ಎಂದಳು. ಮಾಡಿನ ನೀರು ಹೋಗುವ ಗಟರ್ ಗೋಡೆಯ ಹಿಂದೆಯೇ ಇತ್ತು. ಅದರಲ್ಲಿ ನೀಲಗಿರಿ ಎಲೆ ತುಂಬದಂತೆ ಪ್ರತಿ ತಿಂಗಳು ಒಂದನೇ ತಾರೀಕು ತೆಗೆಯುವುದು ಕೇರ್‌ಟೇಕರ್ ಕೆಲಸ. ಅದಕ್ಕೊಂದು ಫಾರಂ. ಎರಡು ತಿಂಗಳಿಂದ ಫಾರಂ ತುಂಬಿ ಬಂದಿಲ್ಲ. ಜುಲೈ ಕೊನೆಯ ದಿನ ಮೀಟಿಂಗ್, ಅಲ್ಲಿ ಕಾರ್ತಿಕನ ವರದಿ ಓದಿ ತೀರ್ಮಾನ ಎಂದಳು. ಕೇರ್‌ಟೇಕರ್ ತಪ್ಪೆಂದಾದರೆ ಕಾಂಟ್ರಾಕ್ಟ್ ಅಲ್ಲಿಗೆ ಮುಗಿಯಿತು, ಎರಡು ಕೋಣೆಯೂ ಮುಗಿಯಿತು. ಇದನ್ನೂ ನಗುತ್ತಲೇ ಹೇಳಿದಳು.

ವಿಮಲ ಎಷ್ಟು ಸಲ ಸಾರಿ ಎಂದಳೆಂದರೆ ನನಗೆ ಕೈ ಎತ್ತಬೇಕೆನಿಸಿತು. ಏಕೆಂದರೆ ಗಟರ್ ಕಟ್ಟಿರಲಿಲ್ಲ. ಅವಳೇ ಹತ್ತಿ ತೆಗೆದಿದ್ದಳು, ಜೂನ್ ಒಂದಕ್ಕೂ, ಜುಲೈ ಒಂದಕ್ಕೂ. ಏಣಿ ಹಿಡಿದವಳು ನಾನು.

ಸಿಕ್ಕಿಬಿದ್ದದ್ದು ಅಲ್ಲೇ. ಅಲ್ಲಿಯ ನಿಯಮದ ಪ್ರಕಾರ ಏಣಿ ಹತ್ತುವಾಗ ಇನ್ನೊಬ್ಬರು ಹಿಡಿಯಲೇಬೇಕು. ಹಿಡಿಯುವವರು ಯಾರೋ ದಾರಿಹೋಕರು ಆಗಕೂಡದು, ಅವರು ಅರ್ಧ ದಿನ ತರಬೇತಿಗೆ ಕೂತು ಪಟ್ಟಿಯಲ್ಲಿ ಹೆಸರು ಬರೆಸಿರಬೇಕು. ಕೆಳಗೆ ನಿಂತು ಎರಡು ಕೋಲು ಹಿಡಿಯಲಿಕ್ಕೆ ತರಬೇತಿ! ಮೊದಲಿದ್ದ ಇನ್ನೊಬ್ಬ ಕೆಲಸದವನನ್ನು ತೆಗೆದುಹಾಕಿದ್ದರು. ಜನ ಕಳಿಸಿ ಎಂದು ವಿಮಲ ಬರೆದರೆ ಉತ್ತರ ಇಲ್ಲ. ಕೊನೆಗೆ ಹೊಟ್ಟೆಯ ಹೊಲಿಗೆ ಇನ್ನೂ ಎಳೆಯುತ್ತಿದ್ದಾಗಲೇ ಹತ್ತಿದಳು, ಟೂರಿಸ್ಟ್ ವೀಸಾದ ಮುದುಕಿ ಹಿಡಿದಳು. ಫಾರಂನಲ್ಲಿ ‘ಎರಡನೆಯ ವ್ಯಕ್ತಿ’ ಎಂದು ಒಂದು ಚೌಕ. ನನ್ನ ಹೆಸರು ಬರೆದರೆ ನಿಯಮ ಮುರಿದದ್ದಕ್ಕೆ ಕೆಲಸ ಹೋಗುತ್ತದೆ. ಬರೆಯದಿದ್ದರೆ ಕೆಲಸ ಮಾಡಲಿಲ್ಲವೆಂದು ಹೋಗುತ್ತದೆ. ಅವಳು ಫಾರಂ ಅನ್ನೇ ಕಳಿಸಲಿಲ್ಲ.

‘ತೆಗೆದಿದ್ದೇನೆ ಅಂತ ಹೇಳು. ಆಮೇಲೆ ನೋಡುವ’ ಎಂದೆ ಆ ದಿನ.

‘ಯಾರು ಹಿಡಿದದ್ದು ಅಂತ ಕೇಳ್ತಾರೆ ಅಮ್ಮ.’

‘ನಾನು ಅಂತ ಹೇಳು.’

‘ನಿಂಗೆ ಎಂತ ಗೊತ್ತುಂಟು ಇಲ್ಲಿದು? ಸುಮ್ಮನಿರು ಮಾರಾಯ್ತಿ.’

ನಾವು ಏಣಿ ಹಾಕಿದ್ದನ್ನು ನೋಡಿದವನು ಒಬ್ಬನಿದ್ದ. ಹೆಲ್ಮುಟ್. ಸಭೆಯ ಹಿರಿಯ, ಅಂದರೆ ಚಾಪೆಲ್ಲಿಗೆ ಸೇರಿದವರ ಮುಖಂಡ, ಎಂಬತ್ತರ ಹತ್ತಿರ, ಎದುರಿನ ರಸ್ತೆಯಲ್ಲೇ ಮನೆ. ದಿನಾ ಬೆಳಿಗ್ಗೆ ಏಳಕ್ಕೆ ನಾಯಿಯನ್ನು ಹಿಡಿದುಕೊಂಡು ಚಾಪೆಲ್ಲಿಗೆ ಒಂದು ಸುತ್ತು ಹಾಕುತ್ತಿದ್ದ. ಎರಡು ಸಲವೂ ನಮ್ಮನ್ನು ನೋಡಿದ, ಟೊಪ್ಪಿ ಎತ್ತಿದ, ನಡೆದ. ಮೇಲೆ ಆಪರೇಷನ್ ಆದ ಹೆಂಗಸು, ಕೆಳಗೆ ಮುದುಕಿ, ಇವನಿಗೆ ಟೊಪ್ಪಿ ಎತ್ತುವ ಮರ್ಯಾದೆ. ನಾನು ಹಿಡಿಯಲಾ ಎಂದು ಕೇಳಲಿಲ್ಲ.

ಜುಲೈ ಮಧ್ಯದಲ್ಲಿ ಒಂದು ಮಧ್ಯಾಹ್ನ ಕ್ಯಾಮೆರಾದವರು ಯಾರೂ ಇರಲಿಲ್ಲ. ನಾನು ಮೇಜಿನ ಹಿಂದೆ ಹೋಗಿ ಗೋಡೆಯನ್ನು ತಟ್ಟಿದೆ. ಬೇರೆ ಕೆಲಸವಿರಲಿಲ್ಲ, ಕೈಗೆ ಚಾಳಿ. ಮೊಣಕಾಲಿನ ಮಟ್ಟದಲ್ಲಿ ಡಬ್. ಸೊಂಟದ ಮಟ್ಟದಲ್ಲಿ ಡಬ್. ಎದೆಯ ಮಟ್ಟಕ್ಕೆ ಬಂದಾಗ ಸದ್ದು ತೆರೆಯಿತು. ಕುರ್ಚಿ ಹಾಕಿ ನಿಂತು ತಟ್ಟಿದೆ, ಟಣ್. ಕಸಬರಿಕೆಯ ಕೋಲಿನಿಂದ ಇನ್ನೂ ಮೇಲೆ ತಟ್ಟಿದೆ, ಟಣ್ ಟಣ್. ಗಟರಿನಿಂದ ನೀರು ಇಳಿದಿದ್ದರೆ ಮೇಲಿನ ಇಟ್ಟಿಗೆ ಮೊದಲು ಕುಡಿಯಬೇಕಲ್ಲ. ಇಲ್ಲಿ ಮೇಲೆಲ್ಲ ಒಣ, ಕೆಳಗೆ ಮಾತ್ರ ಹೊಟ್ಟೆ ತುಂಬಿದೆ. ಇಷ್ಟು ತಿಳಿಯಲು ಯೂನಿವರ್ಸಿಟಿ ಬೇಕಾ?

ಕಾರ್ತಿಕನನ್ನು ಎಳೆದುಕೊಂಡು ಬಂದು ಕಿವಿ ಇಡಿಸಿದೆ. ಮೊದಲು ನಕ್ಕ. ಆಮೇಲೆ ತಾನೇ ತಟ್ಟಿದ, ಬಗ್ಗಿ ತಟ್ಟಿದ, ಕುರ್ಚಿ ಹತ್ತಿ ತಟ್ಟಿದ. ನಗು ಹೋಯಿತು. ಈ ಗೋಡೆ ಒಂದಲ್ಲ ಎರಡು, ನಡುವೆ ಸಂದು ಉಂಟು ಎಂದು ಹೇಳಿದ. ಹೊರಗಿನ ಗೋಡೆಯಿಂದ ಬಂದ ನೀರು ಸಂದಿನಲ್ಲಿ ಇಳಿದು, ಬುಡದಲ್ಲಿ ಬಿಟ್ಟ ತೂತುಗಳಿಂದ ಹೊರಗೆ ಹೋಗಬೇಕಂತೆ. ಹಾಗಾದರೆ ತೂತು ತೋರಿಸು ಎಂದೆ. ಛತ್ರಿ ಹಿಡಿದು ಹೊರಗೆ ಹೋದೆವು. ಅವನು ಹುಡುಕಿದ, ಇಲ್ಲ. ನಾನು ಕೂತು ನೋಡಿದೆ. ಬುಡದ ಸಾಲಿನಲ್ಲಿ ಪ್ರತಿ ಮೂರನೇ ಇಟ್ಟಿಗೆಯ ಪಕ್ಕದ ಗಾರೆ ಬೇರೆ ಬಣ್ಣ. ಹೊಸದು. ಬೆರಳು ಅಗಲ. ಗೋಡೆಯ ಈ ತುದಿಯಿಂದ ಆ ತುದಿಯವರೆಗೆ, ಒಂದನ್ನೂ ಬಿಡದೆ, ಯಾರೋ ನಾಜೂಕಾಗಿ ಮುಚ್ಚಿದ್ದರು.

ಯಾರೆಂದು ತಿಳಿಯಲು ಭಾನುವಾರದವರೆಗೆ ಕಾಯಬೇಕಾಯಿತು. ಪ್ರಾರ್ಥನೆಯ ಮೇಲೆ ಚಹಾ ಕುಡಿಯುವಾಗ ಕಾರ್ತಿಕ ಹೆಲ್ಮುಟನ ಹತ್ತಿರ ಕೇಳಿದ. ಮುದುಕನ ಮುಖ ಅರಳಿತು. ನಮ್ಮನ್ನು ಕರೆದುಕೊಂಡು ಹೋಗಿ ಒಂದೊಂದನ್ನೂ ತೋರಿಸಿದ. ಬೇಸಿಗೆಯಲ್ಲಿ ಕಣಜದ ಹುಳಗಳು ತೂತುಗಳಲ್ಲಿ ಗೂಡು ಕಟ್ಟಿದ್ದವು, ಪಾಸ್ಟರಿಗೆ ಕುತ್ತಿಗೆಗೆ ಕಚ್ಚಿದವು. ಅದಕ್ಕೆ ಒಂದು ಶನಿವಾರ ವರ್ಕಿಂಗ್ ಬೀ ಮಾಡಿದರಂತೆ. ಅಂದರೆ ಸಭೆಯವರೆಲ್ಲ ಸೇರಿ ಬಿಟ್ಟಿ ಕೆಲಸ ಮಾಡುವುದು, ಕೊನೆಗೆ ಬ್ರೆಡ್ಡಿನಲ್ಲಿ ಸಾಸೇಜ್ ಸುತ್ತಿಕೊಂಡು ತಿನ್ನುವುದು. ಎಂಟು ಮುದುಕರು, ಒಂದೇ ದಿನ, ಒಂದು ತೂತೂ ಉಳಿಸದೆ. ಚಾಪೆಲ್ ಕಟ್ಟುವಾಗ ತನ್ನ ಪ್ರಾಯದಲ್ಲಿ ಇದೇ ಗೋಡೆಗೆ ಇಟ್ಟಿಗೆ ಹೊತ್ತವನು ತಾನು, ಈಗ ಅದೇ ಗೋಡೆಗೆ ಕೊನೆಯ ಗಾರೆ ಹಾಕಿದವನೂ ತಾನೇ ಎಂದು ಹೇಳುವಾಗ ಅವನ ಕಣ್ಣು ತೇವವಾಯಿತು. ಗೋಡೆಯ ಒಳಗೂ ಅಷ್ಟೇ ತೇವ.

‘ಗೋಡೆಯ ಮೂಗು ಮುಚ್ಚಿದ್ದೀ, ನನ್ನ ಮಗಳ ಅನ್ನಕ್ಕೆ ಕಲ್ಲು ಹಾಕಿದ್ದೀ ಅಂತ ಹೇಳು ಅವನಿಗೆ’ ಎಂದೆ.

ಕಾರ್ತಿಕ ಇಂಗ್ಲಿಷಿನಲ್ಲಿ ಏನೋ ಹೇಳಿದ. ಹೆಲ್ಮುಟ್ ನನಗೆ ಟೊಪ್ಪಿ ಎತ್ತಿ ಥ್ಯಾಂಕ್ಯೂ ಎಂದ. ಕೆಲಸ ಬಹಳ ನೀಟಾಗಿದೆ ಎಂದು ಆಂಟಿ ಹೇಳುತ್ತಿದ್ದಾರೆ, ಹಾಗೆ ಹೇಳಿದ್ದನಂತೆ ಪಾಪಿ. ವಿಮಲ ಆಮೇಲೆ ಹೇಳಿದಳು.

ಅವನನ್ನು ಕೋಣೆಗೆ ಕರೆದು ಬಾಗಿಲು ಹಾಕಿದೆ. ವರದಿಯಲ್ಲಿ ಏನು ಬರೆದಿದ್ದೀ ಎಂದು ಕೇಳಿದೆ. ಲ್ಯಾಪ್‌ಟಾಪ್ ತೆರೆದು ಓದಿದ. ಇಂಗ್ಲಿಷಿನಲ್ಲಿದ್ದದ್ದನ್ನು ಕನ್ನಡದಲ್ಲಿ ಹೇಳುವಾಗ ಅವನ ದನಿ ಸಣ್ಣದಾಯಿತು. ತೇವಕ್ಕೆ ಕಾರಣ ನಿರ್ವಹಣೆಯ ಕೊರತೆ ಎಂದಿತ್ತು. ಬದಲಾಯಿಸು ಎಂದೆ.

‘ಕಷ್ಟ ಆಂಟಿ. ಸಭೆಯೋರು ಬೇಜಾರು ಮಾಡ್ಕೊಂಡ್ರೆ ನಮ್ಮ ಆಫೀಸಿಗೆ ಈ ಪ್ರಾಜೆಕ್ಟೇ ಹೋಗತ್ತೆ. ಹೆಲ್ಮುಟ್ ಅಂದ್ರೆ ಇಲ್ಲಿ ಎಲ್ಲರಿಗೂ ತುಂಬಾ ಗೌರವ. ಅವ್ರೇ ಮುಚ್ಚಿದ್ದು ಅಂತ ನಾನು ಹೇಗೆ ಬರೀಲಿ?’

‘ಕಾಂಕ್ರೀಟಿಗೆ ಪ್ರಾಮಾಣಿಕತೆ ಅಂತ ಬರ್ದಿದ್ದೀಯಲ್ಲ, ಅದು ಹೇಗೆ ಬರ್ದೆ? ಕಾಂಕ್ರೀಟು ಬೇಜಾರು ಮಾಡೋದಿಲ್ಲ ಅಂತಲಾ?’

ಅವನು ಲ್ಯಾಪ್‌ಟಾಪ್ ಮುಚ್ಚಿದ. ‘ನಾಳೆಯಿಂದ ಮೀನು ತಿನ್ನಲಿಕ್ಕೆ ಬರಬೇಡ’ ಎಂದು ಬಾಗಿಲು ತೆರೆದೆ. ಎರಡು ವಾರ ಬರಲಿಲ್ಲ. ವಿಮಲಳಿಗೆ ನನ್ನ ಮೇಲೆ ಸಿಟ್ಟು, ಇದ್ದ ಒಬ್ಬನನ್ನೂ ಓಡಿಸಿದೆ ಎಂದು. ರಟ್ಟಿನ ಪೆಟ್ಟಿಗೆ ತಂದು ಒಂದೊಂದೇ ಪಾತ್ರೆ ಕಾಗದದಲ್ಲಿ ಸುತ್ತಿಡತೊಡಗಿದಳು. ನಾನು ಅವಳು ಸುತ್ತಿದ್ದನ್ನು ಬಿಚ್ಚಿ ಅಡುಗೆ ಮಾಡುತ್ತಿದ್ದೆ. ಪಾತ್ರೆ ಇಲ್ಲದೆ ಅಡುಗೆ ಆಗುತ್ತದಾ?

ಜುಲೈ ಕೊನೆಯ ದಿನ ಮಧ್ಯಾಹ್ನ ಚಾಪೆಲ್ಲಿನ ಒಳಗೇ ಮೀಟಿಂಗ್ ಕೂತಿತು. ಟ್ರೇಸಿ, ಪಾಸ್ಟರ್, ಹೆಲ್ಮುಟ್, ಕಾರ್ತಿಕ. ವಿಮಲ ತುದಿಯ ಕುರ್ಚಿಯಲ್ಲಿ, ತೊಡೆಯ ಮೇಲೆ ಕೈ ಇಟ್ಟುಕೊಂಡು, ಶಾಲೆಯಲ್ಲಿ ಏಟಿಗೆ ಕಾಯುವ ಹುಡುಗಿಯ ಹಾಗೆ. ನಾನು ಚಹಾ ಕೊಡುವ ನೆಪದಲ್ಲಿ ಒಳಗೆ ನಿಂತಿದ್ದೆ. ಮೂರು ದಿನದ ಮಳೆ ಆ ಬೆಳಿಗ್ಗೆಯಷ್ಟೇ ನಿಂತಿತ್ತು. ಕಾರ್ತಿಕ ಎದ್ದು ಓದಿದ. ನಿರ್ವಹಣೆಯ ಕೊರತೆ ಎಂಬುದನ್ನು ತೆಗೆದಿದ್ದ, ಅಷ್ಟು ನಾಚಿಕೆ ಉಳಿದಿತ್ತು. ಅದರ ಜಾಗದಲ್ಲಿ, ನೀರಿನ ಮೂಲ ಖಚಿತವಾಗಿ ಹೇಳಲಾಗುವುದಿಲ್ಲ, ಇನ್ನೂ ಪರೀಕ್ಷೆ ಬೇಕು ಎಂದು ಬರೆದಿದ್ದ. ವಿಮಲ ನನ್ನ ಪಕ್ಕ ತಿರುಗಿ ಅದರ ಅರ್ಥ ಪಿಸುಗುಟ್ಟಿದಳು. ಖಚಿತವಿಲ್ಲದಿದ್ದರೆ ನಮ್ಮ ಕಣ್ಣಿಗೆ ಕಾಣುವುದು ಗಟರ್ ಒಂದೇ ಎಂದಳು ಟ್ರೇಸಿ. ಯಾರನ್ನೂ ದೂರುವುದು ಬೇಡ, ಎಲ್ಲರೂ ಪ್ರಾರ್ಥಿಸೋಣ ಎಂದ ಪಾಸ್ಟರ್. ಕಣಜದ ಹುಳಕ್ಕೆ ಸರಿಯಾದ ಜಾಗವೇ ಸಿಕ್ಕಿತ್ತು, ಇನ್ನೆರಡು ಸಲ ಕಚ್ಚಬೇಕಿತ್ತು.

ಅವರು ತಲೆ ಬಗ್ಗಿಸಿ ಕಣ್ಣು ಮುಚ್ಚಿದಾಗ ನಾನು ಹಿಂದಿನ ಬಾಗಿಲಿನಿಂದ ಹೊರಗೆ ಹೋದೆ. ವಿಮಲಳ ಸಾಮಾನಿನ ಪೆಟ್ಟಿಗೆಯಿಂದ ದಪ್ಪ ಸ್ಕ್ರೂಡ್ರೈವರ್, ಸುತ್ತಿಗೆ ತೆಗೆದುಕೊಂಡೆ. ಪಶ್ಚಿಮದ ಗೋಡೆಯ ಬುಡದಲ್ಲಿ ಕೂತು ಹೆಲ್ಮುಟನ ನಾಜೂಕಿನ ಗಾರೆಗೆ ಇಟ್ಟು ಹೊಡೆದೆ. ಒಳಗೆ ಇವರ ಪ್ರಾರ್ಥನೆ, ಹೊರಗೆ ನನ್ನದು. ಮೂರನೇ ಪೆಟ್ಟಿಗೆ ಎಲ್ಲರೂ ಓಡಿ ಬಂದರು. ಮೊದಲು ಬಂದವಳು ಟ್ರೇಸಿ, ಹೆರಿಟೇಜ್ ಗೋಡೆ, ಹೆರಿಟೇಜ್ ಗೋಡೆ ಎನ್ನುತ್ತ. ಐದನೇ ಪೆಟ್ಟಿಗೆ ಗಾರೆಯ ಬಿರಡೆ ಒಳಗೆ ಬಿತ್ತು. ಸ್ಕ್ರೂಡ್ರೈವರನ್ನು ಎಳೆದು ತೆಗೆದೆ.

ಮೊದಲು ಏನೂ ಇಲ್ಲ. ಆಮೇಲೆ ಕಂದು ನೀರು. ಹನಿಯಲ್ಲ, ಬೆರಳು ದಪ್ಪದ ನೀರು, ಒಂದೇ ಸಮ ಹರಿದು ಟ್ರೇಸಿಯ ಬೂಟಿನ ಸುತ್ತ ನಿಂತಿತು. ಕೊಳೆತ ಸುಣ್ಣದ ವಾಸನೆ. ನಾನು ಪಕ್ಕದ್ದಕ್ಕೆ ಸ್ಕ್ರೂಡ್ರೈವರ್ ಇಟ್ಟೆ. ಆಗ ಕಾರ್ತಿಕ ಬಂದು ನನ್ನ ಪಕ್ಕ ಕೆಸರಿನಲ್ಲೇ ಕೂತ. ಈ ತೂತುಗಳು ಮೂಲ ನಕ್ಷೆಯಲ್ಲಿವೆ, ಬೇಸಿಗೆಯಲ್ಲಿ ಮುಚ್ಚಲಾಗಿದೆ, ನೀರು ಇಲ್ಲಿಂದಲೇ ಎಂದು ಟ್ರೇಸಿಗೆ ಹೇಳಿದ. ಯಾರು ಮುಚ್ಚಿದ್ದು ಎಂದು ಆಗಲೂ ಹೇಳಲಿಲ್ಲ. ಹೆಲ್ಮುಟ್ ನೀರನ್ನೇ ನೋಡುತ್ತಿದ್ದ. ಟೊಪ್ಪಿ ಕೈಯಲ್ಲಿತ್ತು. ಈಗ ಹೇಳುತ್ತಾನೆ, ನಾನೇ ಮುಚ್ಚಿದೆ ಎಂದು ಈಗ ಹೇಳುತ್ತಾನೆ ಎಂದು ನಾನು ಅವನ ಬಾಯಿಯನ್ನೇ ನೋಡಿದೆ. ಹೇಳಲಿಲ್ಲ.

ಟ್ರೇಸಿ ಬೂಟು ಒರೆಸಿಕೊಂಡಳು. ಸೋಲು ಒಪ್ಪುವ ಜಾತಿಯಲ್ಲ ಅದು. ತೂತಿನ ವಿಷಯ ಬೇರೆ, ಫಾರಂನ ವಿಷಯ ಬೇರೆ ಎಂದಳು. ಗಟರ್ ತೆಗೆದೆಯಾ ಇಲ್ಲವಾ ವಿಮಲಾ ಎಂದು ಕೇಳಿದಳು. ವಿಮಲ ನನ್ನನ್ನು ನೋಡಿದಳು. ಆಮೇಲೆ, ಆ ಚಳಿಗಾಲದಲ್ಲಿ ಮೊದಲ ಸಲ ಸಾರಿ ಸೇರಿಸದೆ ಮಾತಾಡಿದಳು. ತೆಗೆದಿದ್ದೇನೆ, ಎರಡು ಸಲ, ಎಂದಳು.

ಏಣಿ ಹಿಡಿದದ್ದು ಯಾರು ಎಂದು ಟ್ರೇಸಿ ಕೇಳಿದಳು.

ನಾನು ಎದ್ದು ನಿಂತೆ. ನನ್ನ ಎದೆಗೆ ಬೆರಳು ಇಡುವಷ್ಟರಲ್ಲಿ ಹೆಲ್ಮುಟ್ ಟೊಪ್ಪಿ ತಲೆಗೆ ಹಾಕಿಕೊಂಡ.

‘ಐ ಹೆಲ್ಡ್ ದ ಲ್ಯಾಡರ್’ ಎಂದ.

ಅಷ್ಟು ಇಂಗ್ಲಿಷ್ ನನಗೂ ಅರ್ಥವಾಗುತ್ತದೆ. ಟ್ರೇಸಿ ಪಟ್ಟಿ ತೆರೆದು ನೋಡಿದಳು. ಸಭೆಯ ಹಿರಿಯರೆಲ್ಲ ಹಿಂದೆ ತರಬೇತಿಗೆ ಕೂತಿದ್ದರು, ಇವನ ಹೆಸರು ಮೊದಲೇ ಇತ್ತು. ಹಾಗಿದ್ದರೆ ಸರಿ, ಫಾರಂ ತುಂಬಿ ಕಳಿಸು, ಕೆಲಸ ಮುಂದುವರಿಸು ಎಂದಳು. ನನ್ನ ಬಗ್ಗೆ, ಅನುಮತಿ ಇಲ್ಲದೆ ಪಾರಂಪರಿಕ ಗೋಡೆಗೆ ಹಾನಿ ಮಾಡಿದ ಸಂದರ್ಶಕಿ ಎಂದು ಒಂದು ಸಾಲು ಬರೆದುಕೊಂಡು ಹೋದಳು. ಆಮೇಲೆ ಅದೇ ಗೋಡೆಯ ಉಳಿದ ತೂತುಗಳನ್ನು ತೆರೆಯಲು ಕೋಟು ಹಾಕಿಕೊಂಡ ಮೂವರು ಬಂದರು, ನಾಲ್ಕು ದಿನ ತೆಗೆದುಕೊಂಡರು.

ಆ ಸಂಜೆ ವಿಮಲ ರಟ್ಟಿನ ಪೆಟ್ಟಿಗೆ ಮಡಚುತ್ತಾ ಹೆಲ್ಮುಟ್ ಎಷ್ಟು ಒಳ್ಳೆಯವ ನೋಡು ಎಂದಳು. ನಾನು ಅನ್ನ ಬಡಿಸಿದೆ. ಅದರಲ್ಲಿ ಒಳ್ಳೆಯತನ ಎಲ್ಲುಂಟು? ತಾನು ಮಾಡಿದ್ದನ್ನು ಮಾಡಿದೆ ಎನ್ನಲು ಬಾಯಿ ಬರಲಿಲ್ಲ. ಮಾಡದ್ದನ್ನು ಮಾಡಿದೆ ಎಂದು ಹೇಳಿ, ಅಲ್ಲಿಗಲ್ಲಿಗೆ ಆಯಿತು ಎಂದು ಮನೆಗೆ ಹೋಗಿ ಸುಖವಾಗಿ ಮಲಗಿದ. ಅವಳ ಕೆಲಸ ಉಳಿಯಿತು, ಅವನ ಹೆಸರೂ ಉಳಿಯಿತು. ಗಟರಿನ ಎಲೆ ಬೀಳುವುದು ಮಾತ್ರ ನಿಲ್ಲುವುದಿಲ್ಲ, ಮುಂದಿನ ತಿಂಗಳೂ ಏಣಿ ಹಿಡಿಯುವವಳು ನಾನೇ. ಹಾಗೆಂದು ವಿಮಲಳಿಗೆ ಹೇಳಲಿಲ್ಲ. ಅವಳು ಬಹಳ ದಿನಗಳ ಮೇಲೆ ಎರಡನೇ ಸಲ ಅನ್ನ ಹಾಕಿಸಿಕೊಳ್ಳುತ್ತಿದ್ದಳು.

ಮರುದಿನ ಒಂದನೇ ತಾರೀಕು. ಬೆಳಿಗ್ಗೆ ಆರೂವರೆಗೆ ಎದ್ದು, ವಿಮಲಳನ್ನು ಎಬ್ಬಿಸಿ, ಇಬ್ಬರೂ ಏಣಿಯನ್ನು ಹೊತ್ತು ತಂದು ಗೋಡೆಗೆ ಒರಗಿಸಿದೆವು. ಹತ್ತುತ್ತೇನೆ ಎಂದು ಅವಳು ಕಾಲಿಟ್ಟಾಗ ನಿಲ್ಲು ಎಂದೆ. ಏಳಕ್ಕೆ ಸರಿಯಾಗಿ ಹೆಲ್ಮುಟ್ ನಾಯಿಯೊಡನೆ ಬಂದ. ನಮ್ಮನ್ನು ನೋಡಿ ಟೊಪ್ಪಿಗೆ ಕೈ ಹಾಕಿದ. ನಾನು ಹೋಗಿ ಅವನ ತೋಳು ಹಿಡಿದು ಕರೆತಂದು ಏಣಿಯ ಬುಡದಲ್ಲಿ ನಿಲ್ಲಿಸಿದೆ. ಅವನು ನನ್ನ ಮುಖ ನೋಡಿದ, ಏಣಿ ನೋಡಿದ, ಒಂದು ಕೈಯಲ್ಲಿ ನಾಯಿಯ ಹಗ್ಗ ಇದ್ದ ಹಾಗೆಯೇ ಇನ್ನೊಂದು ಕೈಯಿಂದ ಏಣಿ ಹಿಡಿದ. ನಾನು ಹಗ್ಗ ಕಿತ್ತುಕೊಂಡೆ.

‘ಟೂ ಹ್ಯಾಂಡ್ಸ್’ ಎಂದೆ.

ಎರಡೂ ಕೈಯಲ್ಲಿ ಹಿಡಿದ. ವಿಮಲ ಹತ್ತಿದಳು. ಅವಳು ಕೊನೆಯ ಎಲೆ ತೆಗೆದು ಕೆಳಗೆ ಇಳಿಯುವ ತನಕ ನಾನು ನಾಯಿಯನ್ನು ಹಿಡಿದುಕೊಂಡು ಅಲ್ಲೇ ನಿಂತಿದ್ದೆ.